ಕೆರೆ ಏರಿಯ ಕಲ್ಲಿಗೆ ಪುಸ್ತಕದಲ್ಲೊಂದು ವಿಳಾಸ

ನಮ್ಮ ಊರಿನ ಕೆರೆ ಏರಿಯ ಮೇಲೆ, ತೂಬಿನಿಂದ ಹತ್ತು ಹೆಜ್ಜೆ ಆಚೆಗೆ, ಎದೆಯೆತ್ತರದ ಒಂದು ವೀರಗಲ್ಲು ನಿಂತಿದೆ. ಮದುವೆಯಾಗಿ ಈ ಊರಿಗೆ ಬಂದ ಮೊದಲ ವಾರದಿಂದಲೂ ಅದನ್ನು ನೋಡುತ್ತಿದ್ದೇನೆ. ದನಗಳು ಮೈಯುಜ್ಜಿ ಅದರ ಒಂದು ಅಂಚು ಎಣ್ಣೆ ಸವರಿದಂತೆ ನುಣುಪಾಗಿದೆ. ಹಬ್ಬದ ದಿನ ಯಾರೋ ಅರಿಸಿನ ಕುಂಕುಮ ಇಡುತ್ತಾರೆ, ಉಳಿದ ದಿನ ಅದರ ಮೇಲೆ ಬಟ್ಟೆ ಒಣಗುತ್ತದೆ. ಆ ಕಲ್ಲಿಗೆ ಒಂದು ಸಂಖ್ಯೆ ಇದೆ, 1902ರಲ್ಲೇ ಅದರ ಅಕ್ಷರಗಳನ್ನು ಓದಿ ಅಚ್ಚು ಹಾಕಿದ್ದಾರೆ ಎಂದು ನನಗೆ ಗೊತ್ತಾದದ್ದು ಈ ಊರಿನ ನೀರು ಕುಡಿದು ಹದಿನೇಳು ವರ್ಷಗಳಾದ ಮೇಲೆ.

ನಾನು ಬೇಲೂರು ತಾಲ್ಲೂಕಿನ ಒಂದು ಗ್ರಾಮ ಪಂಚಾಯಿತಿಯಲ್ಲಿ ಗ್ರಂಥಾಲಯ ಮೇಲ್ವಿಚಾರಕಿ. ಬಯಲುಸೀಮೆ ಮುಗಿದು ಮಲೆನಾಡು ಇನ್ನೂ ಪೂರ್ತಿ ಶುರುವಾಗದ ಜಾಗ ನಮ್ಮದು. ಊರಿನ ಮೂಡಲಿಗೆ ರಾಗಿ ಹೊಲ, ಪಡುವಲಿಗೆ ಕಾಫಿ ತೋಟ. ಒಮ್ಮೆ ಕೆಲಸದ ಮೇಲೆ ಹಾಸನಕ್ಕೆ ಹೋದವಳು ಬಸ್ಸಿಗೆ ಹೊತ್ತಿದೆಯೆಂದು ಅಲ್ಲಿನ ಒಂದು ಗ್ರಂಥಾಲಯದ ಪರಾಮರ್ಶನ ವಿಭಾಗಕ್ಕೆ ಹೋಗಿ ಕುಳಿತೆ. ಎಪಿಗ್ರಾಫಿಯಾ ಕರ್ನಾಟಿಕದ ಐದನೆಯ ಸಂಪುಟ, ಹಾಸನ ಜಿಲ್ಲೆಯದು, ಕೈಗೆ ಬಂತು. ಬೆಂಗಳೂರಿನಲ್ಲೇ ಹುಟ್ಟಿ, ಮೈಸೂರು ಸಂಸ್ಥಾನದ ಪುರಾತತ್ವ ಇಲಾಖೆಯನ್ನು ನಡೆಸಿದ ಬಿ. ಎಲ್. ರೈಸ್ ಅವರು ಹಳ್ಳಿ ಹಳ್ಳಿಯ ಶಾಸನಗಳನ್ನು ತಾಲ್ಲೂಕುವಾರು ಜೋಡಿಸಿ ಹೊರತಂದ ಮಾಲೆ ಅದು. ಬೇಲೂರು ತಾಲ್ಲೂಕಿನ ಪುಟಗಳನ್ನು ಸುಮ್ಮನೆ ತಿರುವುತ್ತಿದ್ದೆ. ನಮ್ಮ ಊರಿನ ಹೆಸರು ಕಂಡಿತು. ಅದರ ಕೆಳಗೆ, ಕೆರೆ ಏರಿಯ ಮೇಲಿನ ಕಲ್ಲು ಎಂಬ ಸೂಚನೆ. ಅದರ ಕೆಳಗೆ ಹದಿಮೂರು ಸಾಲು.

ಪೆನ್ನು ತೆಗೆದು ಅಷ್ಟನ್ನೂ ಬರೆದುಕೊಂಡೆ. ಎರಡು ಬಸ್ಸು ಹೋದವು. ಮೂರನೆಯದರಲ್ಲಿ ಬೇಲೂರು ತಲುಪುವಾಗ ಕತ್ತಲಾಗಿತ್ತು.

ಮರುದಿನ ಬೆಳಿಗ್ಗೆ ಆರೂವರೆಗೆ ಏರಿಯ ಮೇಲೆ ಹೋದೆ. ಸವೆದ ಶಾಸನವನ್ನು ನಡುಮಧ್ಯಾಹ್ನ ನೋಡಿದರೆ ಏನೂ ಕಾಣುವುದಿಲ್ಲ. ಬೆಳಕು ಓರೆಯಾಗಿ ಬಿದ್ದಾಗ ಪ್ರತಿ ಗೀರಿಗೂ ನೆರಳು ಹುಟ್ಟಿ ಅಕ್ಷರಗಳು ಎದ್ದು ನಿಲ್ಲುತ್ತವೆ. ಕೆಳಗಿನ ಫಲಕದಲ್ಲಿ ಬಿಲ್ಲು ಹಿಡಿದವನು, ಅವನ ಹಿಂದೆ ದನಗಳು. ನಡುವಿನದರಲ್ಲಿ ಅಪ್ಸರೆಯರು ಅವನನ್ನು ಎತ್ತಿಕೊಂಡು ಹೋಗುತ್ತಿದ್ದಾರೆ. ಮೇಲಿನದರಲ್ಲಿ ಅವನು ಲಿಂಗದ ಮುಂದೆ ಕುಳಿತಿದ್ದಾನೆ, ಎರಡು ಪಕ್ಕದಲ್ಲಿ ಸೂರ್ಯ ಮತ್ತು ಚಂದ್ರ. ಊರಿನ ದನಗಳನ್ನು ಹೊಡೆದುಕೊಂಡು ಹೋದವರನ್ನು ಬೆನ್ನಟ್ಟಿ, ತುರುಗಳನ್ನು ಮರಳಿಸಿ, ಸತ್ತವನ ಕಲ್ಲು. ಕೈಯಲ್ಲಿದ್ದ ಹಾಳೆಯೊಂದಿಗೆ ಸಾಲು ಸಾಲು ಹೋಲಿಸಿದೆ. ಪುಸ್ತಕದಲ್ಲಿ ಹದಿಮೂರು ಸಾಲಿದ್ದವು, ಕಲ್ಲಿನಲ್ಲಿ ಹತ್ತೇ ಸಿಕ್ಕವು.

ಉಳಿದ ಮೂರು ಎಲ್ಲಿ ಎಂದು ಬಗ್ಗಿ ನೋಡಿದಾಗ ತಿಳಿಯಿತು. ಕೆಲವು ವರ್ಷಗಳ ಹಿಂದೆ ಏರಿಯ ಮೇಲೆ ಕಾಂಕ್ರೀಟ್ ಹಾಕಿದ್ದರು. ಕಲ್ಲಿನ ಪಾದ ಅದರೊಳಗೆ ಹೋಗಿದೆ. ಆ ಮೂರು ಸಾಲುಗಳಲ್ಲಿ ಇದ್ದದ್ದು ಕಲ್ಲನ್ನು ನಿಲ್ಲಿಸಿದವನ ಮಾತು: ಸತ್ತವನ ತಮ್ಮ, ಅಣ್ಣನಿಗಾಗಿ ಈ ಕಲ್ಲನ್ನು ನಿಲ್ಲಿಸಿದನು. ಎಂಟು ನೂರು ವರ್ಷ ಮಳೆ ಬಿಸಿಲಿಗೆ ಅಳಿಯದೆ ನಿಂತಿದ್ದ ತಮ್ಮನನ್ನು ನಾವು ಒಂದು ಮಧ್ಯಾಹ್ನದ ಕೆಲಸದಲ್ಲಿ ಹೂತಿದ್ದೆವು. ಕಾಂಕ್ರೀಟ್ ಕಲಸುವಾಗ ನಾನೂ ಅದೇ ದಾರಿಯಲ್ಲಿ ನೀರಿಗೆ ಹೋಗಿದ್ದೇನೆ. ಏನೂ ಹೇಳಿರಲಿಲ್ಲ, ಏಕೆಂದರೆ ಅಲ್ಲಿ ಏನಿದೆ ಎಂದು ಗೊತ್ತಿರಲಿಲ್ಲ. ಅವನು ಈಗ ಉಳಿದಿರುವುದು ಪುಸ್ತಕದಲ್ಲಿ ಮಾತ್ರ. ಆ ಪುಸ್ತಕ ಇರುವುದು ಹಾಸನದಲ್ಲಿ, ಬೀರುವಿನೊಳಗೆ.

ಅಂದು ಗ್ರಂಥಾಲಯದ ಬಾಗಿಲು ತೆರೆದವಳು ಕಪಾಟುಗಳನ್ನು ಹೊಸ ಕಣ್ಣಿನಿಂದ ನೋಡಿದೆ. ಸ್ಪರ್ಧಾತ್ಮಕ ಪರೀಕ್ಷೆಯ ಕೈಪಿಡಿಗಳು, ಕಾದಂಬರಿಗಳು, ಮಕ್ಕಳ ಕಥೆಗಳು, ರಾಜ್ಯಮಟ್ಟದ ಖರೀದಿಯಲ್ಲಿ ಬಂದ ನೂರಾರು ಪುಸ್ತಕಗಳು. ಒಳ್ಳೆಯವೇ. ಆದರೆ ಬೇಲೂರು ಹಳೇಬೀಡಿನ ದೇವಾಲಯಗಳ ಒಂದು ಪ್ರವಾಸಿ ಕೈಪಿಡಿಯನ್ನು ಬಿಟ್ಟರೆ, ಬಾಗಿಲಿನ ಹೊರಗೆ ಕಾಣುವ ಕೆರೆ, ಗುಡ್ಡ, ಮರ, ಹಕ್ಕಿ, ಕಲ್ಲು ಯಾವುದರ ಮೇಲೂ ಒಂದು ಪುಟ ಇರಲಿಲ್ಲ. 2019ರಲ್ಲಿ ಪಂಚಾಯಿತಿ ಗ್ರಂಥಾಲಯಗಳು ಗ್ರಾಮೀಣಾಭಿವೃದ್ಧಿ ಮತ್ತು ಪಂಚಾಯತ್ ರಾಜ್ ಇಲಾಖೆಗೆ ಬಂದ ಮೇಲೆ ನಮಗೆ ಅರಿವು ಕೇಂದ್ರ ಎಂಬ ಹೆಸರು ಬಂದಿದೆ. ಆ ಹೆಸರನ್ನು ನಾನು ಬಹಳ ಇಷ್ಟಪಡುತ್ತೇನೆ. ಅರಿವು ಮನೆ ಬಾಗಿಲಿನಿಂದ ಆರಂಭವಾಗಬೇಕು ಎಂದು ನಿಶ್ಚಯಿಸಿ ಒಂದು ಕಪಾಟಿನ ಎರಡು ಹಲಗೆಗಳನ್ನು ಖಾಲಿ ಮಾಡಿದೆ. ‘ನಮ್ಮ ಸೀಮೆ’ ಎಂದು ಚೀಟಿ ಅಂಟಿಸಿದೆ. ಮೊದಲು ಇಟ್ಟದ್ದು ನಾನು ಬರೆದುಕೊಂಡು ಬಂದಿದ್ದ ಆ ಒಂದು ಹಾಳೆ.

ವರ್ಗೀಕರಣದ ಪ್ರಶ್ನೆ ಬಂತು. ಡ್ಯೂಯಿ ದಶಮಾಂಶ ಪದ್ಧತಿಯಲ್ಲಿ ಕರ್ನಾಟಕದ ಇತಿಹಾಸಕ್ಕೆ 954.87, ಸಸ್ಯಗಳಿಗೆ 580, ಹಕ್ಕಿಗಳಿಗೆ 598. ಹೀಗೆ ಇಟ್ಟರೆ ಇತಿಹಾಸ ಒಂದು ಗೋಡೆಗೆ, ಗಿಡಮರ ಇನ್ನೊಂದು ಗೋಡೆಗೆ ಹೋಗುತ್ತವೆ. ನಮ್ಮ ಕೆರೆಯನ್ನು ಎಲ್ಲಿ ಇಡಲಿ? ಕಟ್ಟಿಸಿದವರನ್ನು ನೋಡಿದರೆ ಅದು ಇತಿಹಾಸ. ಚಳಿಗಾಲಕ್ಕೆ ಬಂದಿಳಿಯುವ ಬಾತುಗಳನ್ನು ನೋಡಿದರೆ ಪ್ರಕೃತಿ. ತೂಬು ಎತ್ತುವ ದಿನ ಅದು ಕೃಷಿ, ಗಂಗೆಪೂಜೆಯ ದಿನ ಅದು ಧರ್ಮ. ಸಂಖ್ಯೆಗಳನ್ನು ಬೆನ್ನಿನ ಮೇಲೆ ಬರೆದೆ, ಆದರೆ ಎಲ್ಲವನ್ನೂ ಒಟ್ಟಿಗೇ ಇಟ್ಟೆ. ಇದು ಶಾಸ್ತ್ರಕ್ಕೆ ಒಪ್ಪುವುದಿಲ್ಲ, ನಮ್ಮ ಓದುಗರಿಗೆ ಒಪ್ಪುತ್ತದೆ.

ಹಲಗೆ ತುಂಬುವುದು ಸುಲಭವಾಗಿರಲಿಲ್ಲ. ರೈಸ್ ಅವರ ಸಂಪುಟಗಳು ಬಹಳ ಹಳೆಯವಾದ್ದರಿಂದ ಅಂತರ್ಜಾಲದಲ್ಲಿ ಉಚಿತವಾಗಿ ಸಿಕ್ಕವು. ನಮ್ಮ ಹೋಬಳಿಯ ಪುಟಗಳನ್ನು ಮಾತ್ರ ಬೇಲೂರಿನಲ್ಲಿ ಮುದ್ರಿಸಿಕೊಂಡೆ. 1897ರ ಮೈಸೂರು ಗೆಜೆಟಿಯರ್‌ನ ಕೆಲವು ಅಧ್ಯಾಯಗಳೂ ಹಾಗೆಯೇ ಬಂದವು. ಮೈಸೂರು ವಿಶ್ವವಿದ್ಯಾನಿಲಯದ ಕನ್ನಡ ಅಧ್ಯಯನ ಸಂಸ್ಥೆ ಶಾಸನ ಸಂಪುಟಗಳನ್ನು ಪರಿಷ್ಕರಿಸಿ ಹೊರತಂದಾಗ ಬೇಲೂರು ತಾಲ್ಲೂಕಿಗೇ ಒಂದು ಸಂಪುಟ, ಒಂಬತ್ತನೆಯದು, ಮೀಸಲಾಯಿತು. ಒಂದು ತಾಲ್ಲೂಕಿನ ಕಲ್ಲುಗಳು ಅಷ್ಟು ದಪ್ಪದ ಪುಸ್ತಕ ತುಂಬುತ್ತವೆ ಎಂಬುದನ್ನು ಮಕ್ಕಳಿಗೆ ತೋರಿಸಬೇಕೆಂಬ ಆಸೆಯಿಂದ ಅದಕ್ಕಾಗಿ ಎರಡು ವರ್ಷ ಹುಡುಕಿದೆ. ಕೊನೆಗೆ ನಿವೃತ್ತ ಉಪನ್ಯಾಸಕರೊಬ್ಬರು ತಮ್ಮ ಸ್ವಂತ ಪ್ರತಿಯನ್ನು ಚೀಲದಲ್ಲಿ ಹಾಕಿಕೊಂಡು ಬಂದು ಮೇಜಿನ ಮೇಲಿಟ್ಟು, ಚಹಾ ಕೂಡ ಕುಡಿಯದೆ ಹೋದರು.

ಆದರೆ ನಿಜವಾದ ಗಣಿ ಸಿಕ್ಕಿದ್ದು ಬೇರೆ ಕಡೆ. ಒಂದು ಸೀಮೆಯ ಇತಿಹಾಸ ದೊಡ್ಡ ಪುಸ್ತಕಗಳಲ್ಲಿ ಇರುವುದಕ್ಕಿಂತ ಹೆಚ್ಚಾಗಿ ಸ್ಮರಣ ಸಂಚಿಕೆಗಳಲ್ಲಿ ಇರುತ್ತದೆ. ತಾಲ್ಲೂಕು ಸಾಹಿತ್ಯ ಸಮ್ಮೇಳನದ್ದು, ಸಹಕಾರ ಸಂಘದ ಸುವರ್ಣ ಮಹೋತ್ಸವದ್ದು, ಶಾಲೆಯ ಶತಮಾನೋತ್ಸವದ್ದು, ದೇವಸ್ಥಾನದ ಕುಂಭಾಭಿಷೇಕದ್ದು. ಮೊದಲ ಇಪ್ಪತ್ತು ಪುಟ ಶುಭಾಶಯ, ಕೊನೆಯ ಮೂವತ್ತು ಪುಟ ಗೊಬ್ಬರದಂಗಡಿ ಮತ್ತು ಜವಳಿ ಅಂಗಡಿಗಳ ಜಾಹೀರಾತು. ನಡುವೆ ಯಾವುದೋ ಪ್ರಾಥಮಿಕ ಶಾಲೆಯ ಮೇಷ್ಟರು ಬರೆದ ಆರು ಪುಟ: ನಮ್ಮ ಹೋಬಳಿಯ ಕೆರೆಗಳು. ಯಾವ ಕೆರೆಯ ಕೋಡಿ ಯಾವ ಕೆರೆಗೆ ಬೀಳುತ್ತದೆ, ಕೊನೆಗೆ ಯಾವ ಹಳ್ಳ ಹಿಡಿದು ಯಗಚಿ ಸೇರುತ್ತದೆ ಎಂಬುದನ್ನು ಅವರು ನಡೆದು ನೋಡಿ ಬರೆದಿದ್ದರು. ಅದು ಬೇರೆಲ್ಲೂ ಸಿಗುವುದಿಲ್ಲ. ಇಂಥ ಸಂಚಿಕೆಗಳನ್ನು ಸಮಾರಂಭದ ದಿನ ಹಂಚುತ್ತಾರೆ, ವರ್ಷದೊಳಗೆ ಅವು ಇಲ್ಲವಾಗುತ್ತವೆ. ಗ್ರಂಥಾಲಯಗಳಿಗೆ ಕಳುಹಿಸಬೇಕೆಂದು ಸಂಪಾದಕರಿಗೆ ಹೊಳೆಯುವುದಿಲ್ಲ, ಕೇಳಿ ಪಡೆಯಬೇಕೆಂದು ನಮ್ಮಂಥವರಿಗೂ ಹೊಳೆಯುವುದಿಲ್ಲ.

ಅಂದಿನಿಂದ ಯಾರ ಮನೆಗೆ ಹೋದರೂ ಅಟ್ಟದ ಕಡೆ ನೋಡುವುದು ನನ್ನ ಅಭ್ಯಾಸವಾಯಿತು. ಒಲೆಯ ಮೇಲಿನ ಅಟ್ಟದಲ್ಲಿ ಹೊಗೆ ಹಿಡಿದು ಕಪ್ಪಾದ ಪುಸ್ತಕಕ್ಕೆ ಹುಳು ಬಿದ್ದಿರುವುದಿಲ್ಲ. ಹೊಸ ಮನೆಯ ಷೋಕೇಸಿನಲ್ಲಿ ಗಾಜಿನ ಹಿಂದೆ ಇಟ್ಟದ್ದು ಎರಡು ಮಳೆಗಾಲಕ್ಕೆ ಬೂಷ್ಟು ಹಿಡಿಯುತ್ತದೆ. ಹಾಸನದಲ್ಲಿ 1996ರಲ್ಲಿ ಅಖಿಲ ಭಾರತ ಕನ್ನಡ ಸಾಹಿತ್ಯ ಸಮ್ಮೇಳನ ನಡೆದಾಗ ಕೊಟ್ಟ ಚೀಲವನ್ನು ಒಬ್ಬರು ಅಟ್ಟದಲ್ಲಿ ಹಾಗೆಯೇ ಗಂಟು ಕಟ್ಟಿ ಇಟ್ಟಿದ್ದರು. ಅದರೊಳಗೆ ಅವರ ತಂದೆಯ ಮೂರು ಸಂಚಿಕೆಗಳಿದ್ದವು.

ಒಂದು ಸಂಜೆ ಫೋನ್ ಬಂತು. ತೋಟವೊಂದರಲ್ಲಿ ರೈಟರ್, ಅಂದರೆ ಲೆಕ್ಕಪತ್ರ ಬರೆಯುವವರು, ಆಗಿದ್ದ ಹಿರಿಯರು ತೀರಿಕೊಂಡು ತಿಂಗಳಾಗಿತ್ತು, ಮನೆಯವರು ಕಾಗದ ಪತ್ರಗಳನ್ನೆಲ್ಲ ಗುಜರಿಗೆ ಹಾಕುತ್ತಿದ್ದರು. ಆಟೊ ಹಿಡಿದು ಹೋಗುವಷ್ಟರಲ್ಲಿ ತಕ್ಕಡಿ ತೂಗುತ್ತಿತ್ತು. ಗುಜರಿಯವನು ಒಳ್ಳೆಯ ಮನುಷ್ಯ. ಮೂಟೆ ಬಿಚ್ಚಿ, ಬೇಕಾದ್ದನ್ನು ಆರಿಸಿಕೊಳ್ಳಿ ಎಂದನು. ಹಳೆಯ ಲೆಕ್ಕದ ಪುಸ್ತಕಗಳ ನಡುವೆ ರಟ್ಟು ಕಿತ್ತುಹೋದ ಐದು ನೋಟ್‌ಪುಸ್ತಕಗಳು ಸಿಕ್ಕವು. ತೆರೆದರೆ ಮಳೆ. 1963ರಿಂದ ಇಪ್ಪತ್ತೈದು ವರ್ಷ, ದಿನ ತಪ್ಪದೆ, ಮಳೆಮಾಪಕ ನೋಡಿ ಇಂಚು ಮತ್ತು ಸೆಂಟಿನಲ್ಲಿ (ಇಂಚಿನ ನೂರನೆಯ ಒಂದು ಭಾಗ) ಬರೆದಿದ್ದ ಲೆಕ್ಕ. ಪಕ್ಕದಲ್ಲಿ ಮಳೆನಕ್ಷತ್ರ. ಅದರ ಪಕ್ಕದಲ್ಲಿ ಒಂದೊಂದು ಮಾತು. ಮಾರ್ಚ್ ತಿಂಗಳ ಒಂದು ದಿನದ ಎದುರು ‘ಹೂಮಳೆ’ ಎಂದಿದೆ, ಒಂಬತ್ತು ದಿನ ಕೆಳಗೆ ‘ತೋಟ ಬೆಳ್ಳಗಾಯಿತು’ ಎಂದಿದೆ, ಕಾಫಿ ಹೂವಿನಿಂದ. ಆರಿದ್ರಾ ಮಳೆಯ ಎದುರು ‘ಆರಲಿಲ್ಲ’. ಒಂದು ಜೂನ್‌ನಲ್ಲಿ, ದೊಡ್ಡ ಕೊಕ್ಕಿನ ಮಂಗಟ್ಟೆ ಹಕ್ಕಿಯ ಬಗ್ಗೆ, ‘ಮಂಗಟ್ಟೆ ಮರಿ ಹೊರಗೆ ಬಂತು, ಹೊನ್ನೆ ಮರ’. ಭರಣಿ ಬಂದರೆ ಧರಣಿಯೆಲ್ಲ ಬೆಳೆ ಎನ್ನುವ ಗಾದೆಯನ್ನು ನಾವೆಲ್ಲ ಬಾಯಲ್ಲಿ ಹೇಳುತ್ತೇವೆ. ಭರಣಿ ಯಾವ ವರ್ಷ ಬಂತು, ಯಾವ ವರ್ಷ ಬರಲಿಲ್ಲ ಎಂಬುದು ಈ ಮನುಷ್ಯನ ಕೈಬರಹದಲ್ಲಿದೆ. ಅಲ್ಲೇ ಜಗಲಿಯ ಮೇಲೆ ಕುಳಿತು ಓದುತ್ತಾ ನನಗೆ ಕಣ್ಣು ತುಂಬಿತು. ಅವರ ಸೊಸೆ, ‘ಮಾವ ಇದನ್ನು ಯಾರಿಗೂ ತೋರಿಸಿದವರಲ್ಲ, ಯಾರೂ ಕೇಳಿದವರೂ ಅಲ್ಲ’ ಎಂದರು.

ಆ ಐದೂ ಪುಸ್ತಕಗಳಿಗೆ ನಾನೇ ಹೊಲಿಗೆ ಹಾಕಿ ರಟ್ಟು ಕಟ್ಟಿದೆ. ಬೈಂಡಿಂಗ್ ಕೆಲಸವನ್ನು ಬೇಲೂರಿನ ಒಬ್ಬ ಹಳೆಯ ಕೆಲಸಗಾರರ ಬಳಿ ನಾಲ್ಕು ಭಾನುವಾರ ಕಲಿತೆ. ಮೈದಾ ಅಂಟಿಗೆ ಚಿಟಿಕೆ ಮೈಲುತುತ್ತ ಬೆರೆಸಿದರೆ ಹುಳು ಹತ್ತಿರ ಬರುವುದಿಲ್ಲ ಎಂದು ಅವರು ಹೇಳಿಕೊಟ್ಟರು. ಮೈಲುತುತ್ತ ನಮ್ಮ ಕಡೆ ಯಾವ ಮನೆಯಲ್ಲಿ ಇಲ್ಲ? ಸುಣ್ಣದೊಂದಿಗೆ ಸೇರಿಸಿ ಕಾಫಿಗೂ ಅಡಿಕೆಗೂ ಬೋರ್ಡೋ ಹೊಡೆಯಲು ತಂದಿಟ್ಟಿರುತ್ತಾರೆ. ಕೊಳೆರೋಗದಿಂದ ತೋಟ ಉಳಿಸುವ ಔಷಧಿಯೇ ನಮ್ಮ ಪುಸ್ತಕಗಳನ್ನೂ ಉಳಿಸುತ್ತಿದೆ. ಈಗ ಶಾಲೆಯ ಮಕ್ಕಳು ಗ್ರಂಥಾಲಯದ ಹಿತ್ತಲಿನಲ್ಲಿ ಒಂದು ಮಳೆಮಾಪಕ ನಿಲ್ಲಿಸಿದ್ದಾರೆ. ರೈಟರ್ ಬಿಟ್ಟ ಕಡೆಯಿಂದ ಬಹಳ ವರ್ಷಗಳ ಖಾಲಿ ಇದೆ, ಅದನ್ನು ತುಂಬಲಾಗದು. ಆರನೆಯ ನೋಟ್‌ಪುಸ್ತಕದಲ್ಲಿ ಮೂರು ಮಳೆಗಾಲಗಳು ದಾಖಲಾಗಿವೆ, ಅವರ ಇಂಚು ಸೆಂಟಿನ ಪಕ್ಕದಲ್ಲಿ ಮಕ್ಕಳ ಮಿಲಿಮೀಟರ್.

ಗಿಡಮರಗಳ ವಿಷಯದಲ್ಲಿ ನನಗೆ ಎದುರಾದ ಕಷ್ಟ ಬೇರೆ ತರಹದ್ದು. ಹಾಸನ ಜಿಲ್ಲೆಯ ಸಸ್ಯಸಂಪತ್ತಿನ ಮೇಲೆ 1976ರಲ್ಲಿ ಪ್ರಕಟವಾದ ದೊಡ್ಡ ಗ್ರಂಥವೊಂದಿದೆ. ಬೆಂಗಳೂರಿನ ಸೇಂಟ್ ಜೋಸೆಫ್ಸ್ ಕಾಲೇಜಿನ ಸಸ್ಯಶಾಸ್ತ್ರಜ್ಞ, ಪಾದ್ರಿ ಸೆಸಿಲ್ ಸಾಲ್ಡಾನಾ ಅವರು ಅಮೆರಿಕದ ಡಾನ್ ನಿಕೋಲ್ಸನ್ ಅವರೊಂದಿಗೆ ಸೇರಿ ಸಂಪಾದಿಸಿದ್ದು. ಸಕಲೇಶಪುರದ ಘಟ್ಟದ ಕಾಡಿನಿಂದ ಅರಸೀಕೆರೆಯ ಕುರುಚಲಿನವರೆಗೆ ನಮ್ಮ ಜಿಲ್ಲೆಯ ಗಿಡಗಳು ಅದರಲ್ಲಿವೆ. ದೇಶದ ಎಷ್ಟೋ ಜಿಲ್ಲೆಗಳಿಗೆ ಇಲ್ಲದ ಭಾಗ್ಯ ಇದು. ಆದರೆ ಪುಸ್ತಕ ಇಂಗ್ಲಿಷ್‌ನಲ್ಲಿದೆ, ಹೆಸರುಗಳು ಲ್ಯಾಟಿನ್‌ನಲ್ಲಿವೆ. ನಮ್ಮ ಊರಿನಲ್ಲಿ ಗಿಡ ಗೊತ್ತಿರುವವರಿಗೆ ಆ ಪುಸ್ತಕ ಬರುವುದಿಲ್ಲ, ಪುಸ್ತಕ ಓದಬಲ್ಲ ನಮ್ಮ ಕಾಲೇಜು ಹುಡುಗಿಯರಿಗೆ ಗಿಡ ಬರುವುದಿಲ್ಲ.

ಎರಡನ್ನೂ ಒಂದೇ ಬೆಂಚಿನ ಮೇಲೆ ಕೂರಿಸಿದೆ. ಬುಧವಾರದ ಮಧ್ಯಾಹ್ನ, ಕೆಲಸ ಕಡಿಮೆ ಇರುವ ತಿಂಗಳುಗಳಲ್ಲಿ, ಮೂರು ನಾಲ್ಕು ಅಜ್ಜಿಯರು ಒಂದೊಂದು ಕೊಂಬೆ ಮುರಿದುಕೊಂಡು ಬರುತ್ತಿದ್ದರು. ಬಿ.ಎಸ್ಸಿ. ಓದುವ ಇಬ್ಬರು ಹುಡುಗಿಯರು ಮೊಬೈಲ್‌ನಲ್ಲಿ ಚಿತ್ರ, ಪುಟದಲ್ಲಿ ವಿವರಣೆ ಹೋಲಿಸುತ್ತಿದ್ದರು. ಒಂದು ಗಿಡಕ್ಕೆ ಒಮ್ಮೊಮ್ಮೆ ಎರಡು ಬುಧವಾರ ಹಿಡಿಯುತ್ತಿತ್ತು. ಬಗನಿ ಮರದ ದಿನ ಮಾತ್ರ ಮರೆಯಲಾರೆ. ಪುಸ್ತಕದಲ್ಲಿ ಅದು ಕ್ಯಾರಿಯೋಟ ಯುರೆನ್ಸ್. ಹುಡುಗಿ ನಿಘಂಟು ನೋಡಿ, ಯುರೆನ್ಸ್ ಎಂದರೆ ಉರಿಸುವಂಥದ್ದು ಎಂದು ಓದಿದಳು. ಅಜ್ಜಿ ಕೂಡಲೇ, ‘ಮತ್ತೆ, ಅದರ ಹಣ್ಣು ಮುಟ್ಟಿದ ಕೈಯಲ್ಲಿ ಮುಖ ಮುಟ್ಟಿ ನೋಡು, ರಾತ್ರಿಯಿಡೀ ತುರಿಸುತ್ತದೆ’ ಎಂದರು. ಎಲ್ಲಿಯದೋ ಲ್ಯಾಟಿನ್ ಪದ ಮತ್ತು ನಮ್ಮ ಅಜ್ಜಿಯ ಮೈಯ ನೆನಪು ಒಂದೇ ಮಾತು ಹೇಳಿದವು. ಮುತ್ತುಗಕ್ಕೆ ಮೊನೊಸ್ಪರ್ಮ ಎಂಬ ಹೆಸರು, ಕಾಯಿಗೆ ಒಂದೇ ಬೀಜ. ಅದರ ಊಟದೆಲೆ ಹಚ್ಚುವ ಮನೆಯವರಿಗೆ ಅದು ಹೊಸದಲ್ಲ. ಮುಟ್ಟಿದರೆ ಮುನಿಗೆ ಪುಡಿಕ, ನಾಚುವವಳು. ಅಂದಿನಿಂದ ಹುಡುಗಿಯರಿಗೆ ಲ್ಯಾಟಿನ್ ಹೆದರಿಕೆ ಹೋಯಿತು, ಅಜ್ಜಿಯರಿಗೆ ಪುಸ್ತಕದ ಹೆದರಿಕೆ ಹೋಯಿತು. ಈಗ ನೂರ ಹದಿನಾಲ್ಕು ಗಿಡಗಳಿಗೆ ನಮ್ಮ ಊರಿನ ಹೆಸರು, ಪುಸ್ತಕದ ಹೆಸರು, ಸಿಗುವ ಜಾಗ, ಉಪಯೋಗ ಬರೆದ ಹಾಳೆಗಳು ಒಂದು ಫೈಲಿನಲ್ಲಿವೆ. ಸೊಪ್ಪು ತಂದ ಅಜ್ಜಿಯ ಹೆಸರನ್ನು ಪ್ರತಿ ಹಾಳೆಯ ಕೆಳಗೆ ಬರೆಯುತ್ತೇವೆ. ಇದರಲ್ಲಿ ನಾನು ಯಾವ ರಾಜಿಯನ್ನೂ ಮಾಡಿಕೊಳ್ಳುವುದಿಲ್ಲ.

ಮಕ್ಕಳನ್ನು ಕರೆದುಕೊಂಡು ಹಲ್ಮಿಡಿಗೂ ಹೋಗಿ ಬಂದೆವು. ನಮ್ಮದೇ ತಾಲ್ಲೂಕು. ಡಾ. ಎಂ. ಎಚ್. ಕೃಷ್ಣ ಅವರು 1936ರಲ್ಲಿ ಅಲ್ಲಿ ಗುರುತಿಸಿದ ಹದಿನಾರು ಸಾಲಿನ ಶಾಸನ ಸುಮಾರು ಕ್ರಿ.ಶ. 450ರದು ಎಂದು ಎಲ್ಲರೂ ಪಠ್ಯದಲ್ಲಿ ಓದಿದ್ದೇವೆ. ಮೂಲ ಕಲ್ಲನ್ನು ಬೇರೆಡೆಗೆ ಸಾಗಿಸಿ ಕಾಪಾಡಿದ್ದಾರೆ, ಊರಿನಲ್ಲಿ ಇರುವುದು ಪ್ರತಿಕೃತಿ. ಒಬ್ಬ ಹುಡುಗನಿಗೆ ಇದರಿಂದ ನಿಜವಾಗಿ ಬೇಸರವಾಯಿತು. ಆಗ ನಾನು ಅವನಿಗೆ ಶಾಸನದ ಪಾಠದಲ್ಲಿ ಊರಿನ ಹೆಸರು ‘ಪಲ್ಮಡಿ’ ಎಂದಿರುವುದನ್ನು ತೋರಿಸಿದೆ. ಪಾಲು ಹಾಲಾದಂತೆ, ಪುಲಿ ಹುಲಿಯಾದಂತೆ ಪಲ್ಮಡಿ ಹಲ್ಮಿಡಿಯಾಗಿದೆ. ಕಲ್ಲು ಊರು ಬಿಟ್ಟು ಹೋಗಿದೆ, ಹೆಸರು ಸಾವಿರದ ಐನೂರು ವರ್ಷಗಳಿಂದ ಇಲ್ಲೇ ಜನರ ಬಾಯಲ್ಲಿದೆ. ವೀರನೊಬ್ಬನಿಗೆ ಕೊಟ್ಟ ಭೂಮಿಯನ್ನು ಅದರಲ್ಲಿ ‘ಬಾಳ್ಗಳ್ಚು’ ಎಂದಿದ್ದಾರೆ, ಕತ್ತಿ ತೊಳೆದ ದತ್ತಿ ಎಂದು ವಿದ್ವಾಂಸರು ಬಿಡಿಸಿ ಹೇಳುತ್ತಾರೆ. ಬರುವ ದಾರಿಯುದ್ದಕ್ಕೂ ಮಕ್ಕಳು ಪ್ರತಿ ಊರಿನ ನಾಮಫಲಕ ನೋಡಿ ‘ಹ’ ತೆಗೆದು ‘ಪ’ ಹಾಕಿ ಓದುತ್ತಿದ್ದರು. ಎಲ್ಲ ಊರಿಗೂ ಅದು ಒಪ್ಪುವುದಿಲ್ಲ. ಆದರೂ ತಡೆಯಲಿಲ್ಲ.

ಹಲಗೆ ತುಂಬುತ್ತಾ ಬಂದಂತೆ ಓದುಗರು ಸುಮ್ಮನಿರಲಿಲ್ಲ. ಇದು ತಪ್ಪು, ಅದು ಬಿಟ್ಟುಹೋಗಿದೆ ಎನ್ನಲಾರಂಭಿಸಿದರು. ಒಂದು ದಪ್ಪ ಪುಸ್ತಕಕ್ಕೆ ದಾರ ಕಟ್ಟಿ ಕಪಾಟಿಗೆ ತೂಗು ಹಾಕಿ ‘ತಿದ್ದುಪಡಿ’ ಎಂದು ಹೆಸರಿಟ್ಟೆ. ಏನು ಹೇಳಬೇಕೋ ಅದರಲ್ಲಿ ಬರೆಯಬೇಕು, ಯಾರಿಂದ ತಿಳಿದದ್ದು ಎಂದೂ ಬರೆಯಬೇಕು. ನನ್ನ ಪ್ರಕಾರ ಆ ಕಪಾಟಿನ ಎಲ್ಲಕ್ಕಿಂತ ಮುಖ್ಯ ಪುಸ್ತಕ ಈಗ ಅದೇ.

ಅದರಲ್ಲಿ ಒಂದು ಪುಟ ನಮ್ಮ ಪಕ್ಕದ ಬೇಚಿರಾಕ್ ಗ್ರಾಮದ್ದು. ಕಂದಾಯ ದಾಖಲೆಯಲ್ಲಿ ಹೆಸರಿದ್ದು ಜನವಸತಿ ಇಲ್ಲದ ಊರಿಗೆ ಹಾಗೆ ಹೇಳುತ್ತಾರೆ. ಮೂಲ ಪಾರಸಿ, ದೀಪವಿಲ್ಲದ್ದು ಎಂದು ಅರ್ಥ. ಗೆಜೆಟಿಯರ್‌ನಲ್ಲಿ ಆ ಊರಿನ ಮಾತೇ ಇಲ್ಲ. ಒಬ್ಬರು ಬರೆದಿದ್ದಾರೆ: ಪ್ಲೇಗ್ ಮಾರಿ ಬಂದಾಗ ಇಲಿ ಬಿದ್ದ ಮನೆಗಳನ್ನು ಬಿಟ್ಟು ಜನ ತೋಪಿನಲ್ಲಿ ಗುಡಿಸಲು ಹಾಕಿದರು, ಮತ್ತೆ ಹಿಂತಿರುಗಲಿಲ್ಲ, ನಮ್ಮ ಅಜ್ಜಿಯ ತವರು ಅದೇ. ಮೈಸೂರು ಸಂಸ್ಥಾನಕ್ಕೆ ಪ್ಲೇಗ್ ಕಾಲಿಟ್ಟದ್ದು 1898ರಲ್ಲಿ. ಅದರ ಕೆಳಗೆ ಇನ್ನೊಂದು ಕೈಬರಹ: ಆ ಊರಿನ ಬಾವಿ ಇನ್ನೂ ಇದೆ, ಲಂಟಾನದ ಪೊದೆಯಲ್ಲಿ, ಬೇಸಿಗೆಯಲ್ಲೂ ನೀರಿದೆ, ನಾನು ದನ ಕಾಯುವಾಗ ಕುಡಿದಿದ್ದೇನೆ.

ಇನ್ನೊಂದು ಪುಟದಲ್ಲಿ ಜಗಳವಿದೆ. ಸ್ಮರಣ ಸಂಚಿಕೆಗಳಲ್ಲಿ ಕಾಣುವ ಒಂದು ದೋಷ ನನಗೆ ನೋವು ಕೊಡುತ್ತದೆ. ಯಾವ ಗುಡಿಯ ಲೇಖನ ತೆಗೆದರೂ ಜಕಣಾಚಾರಿ ಕಟ್ಟಿದ, ಪಾಂಡವರು ತಂಗಿದ್ದರು ಎಂದು ಮುಗಿಸಿಬಿಡುತ್ತಾರೆ. 1117ರಲ್ಲಿ ವಿಷ್ಣುವರ್ಧನ ಪ್ರತಿಷ್ಠೆ ಮಾಡಿಸಿದ ಬೇಲೂರಿನ ಗುಡಿಯಲ್ಲಿ, ಬಳ್ಳಿಗಾವೆಯ ದಾಸೋಜ ಮತ್ತು ಅವನ ಮಗ ಚಾವಣ ತಮ್ಮ ಶಿಲ್ಪಗಳ ಕೆಳಗೆ ತಮ್ಮ ಹೆಸರು ತಾವೇ ಕೊರೆದಿದ್ದಾರೆ. ಹೆಸರು ಬರೆದಿಟ್ಟು ಹೋದವರನ್ನು ಬಿಟ್ಟು ಕಥೆಯವನನ್ನೇ ನೂರು ಸಲ ಹೇಳುವುದು ಆ ಕೈಗಳಿಗೆ ಮಾಡುವ ಅನ್ಯಾಯ. ಹೀಗೆಂದು ನಾನು ತಿದ್ದುಪಡಿಯಲ್ಲಿ ಬರೆದೆ. ಒಬ್ಬ ಹಿರಿಯರು ಕೋಪಗೊಂಡು, ಕಥೆಯೂ ನಮ್ಮದೇ ಎಂದು ಅರ್ಧ ಪುಟ ಬರೆದರು. ಅವರ ಮಾತಿನಲ್ಲಿಯೂ ಹುರುಳಿದೆ. ಎರಡನ್ನೂ ಹಾಗೆಯೇ ಉಳಿಸಿದ್ದೇನೆ.

ಹಿಂದಿನ ಕೆಲವು ಪುಟಗಳು ಆನೆಗಳಿಗೆ ಮೀಸಲು. ಹಳೆಯ ಸಂಚಿಕೆಗಳಲ್ಲಿ ಆನೆ ಎಂದರೆ ಸಕಲೇಶಪುರ, ಆಲೂರಿನ ಕಡೆಯ ಸುದ್ದಿ. ಈಚಿನ ವರ್ಷಗಳಲ್ಲಿ ನಮ್ಮ ತಾಲ್ಲೂಕಿನ ತೋಟಗಳಿಗೂ ಬರುತ್ತಿವೆ. ಯಾವ ರಾತ್ರಿ, ಯಾವ ದಾರಿ, ಎಷ್ಟು, ಮರಿ ಇತ್ತೇ ಎಂದು ಕೆಲಸಗಾರರು ಬಂದು ಹೇಳುತ್ತಾರೆ, ನಾನು ಬರೆದುಕೊಳ್ಳುತ್ತೇನೆ. ತೋಟದಲ್ಲಿ ಆನೆ ತುಳಿದು ಒಬ್ಬರು ತೀರಿಕೊಂಡ ದಿನದ ಎದುರು ತಾರೀಖನ್ನಷ್ಟೇ ಬರೆದಿದ್ದೇನೆ.

ಶಾಸನದ ಕೆಲಸಕ್ಕೆ ಮಾತ್ರ ಜನ ಬಹಳ ದಿನ ಹತ್ತಿರ ಬರಲಿಲ್ಲ. ಕಲ್ಲಿನ ಸುತ್ತ ಓಡಾಡುವವರನ್ನು ಕಂಡರೆ ನಿಧಿಗಳ್ಳರೆಂಬ ಗುಮಾನಿ ನಮ್ಮ ಕಡೆ ಸಹಜ. ಅದಕ್ಕಿಂತ ಆಳದ ಭಯ ಇನ್ನೊಂದಿತ್ತು. ಕೆರೆ ಕೆಳಗಿನ ಗದ್ದೆಯ ಯಜಮಾನರೊಬ್ಬರು ಒಂದು ದಿನ ಬಾಗಿಲಿನಲ್ಲೇ ನಿಂತು, ‘ಆ ಕಲ್ಲಿನಲ್ಲಿ ಜಮೀನು ಯಾರದೆಂದು ಬರೆದಿದೆಯಂತೆ, ಹೌದೇ?’ ಎಂದು ಕೇಳಿದರು. ಇನಾಮು ರದ್ದತಿಯ ಕಾಲದಲ್ಲಿ ಅವರ ತಂದೆ ಕಚೇರಿ ಅಲೆದು ಆ ಗದ್ದೆಯನ್ನು ಉಳಿಸಿಕೊಂಡವರು. ಹಳೆಯ ಅಕ್ಷರವೆಂದರೆ ಅವರ ಮನೆಯಲ್ಲಿ ಹಳೆಯ ತಂಟೆ. ಒಳಗೆ ಕರೆದು ಕೂರಿಸಿ, ಪುಟ ತೆಗೆದು, ಹದಿಮೂರು ಸಾಲನ್ನೂ ಓದಿ ಅರ್ಥ ಹೇಳಿದೆ. ಜಮೀನಿನ ಮಾತು ಒಂದಕ್ಷರವೂ ಇರಲಿಲ್ಲ. ದನ, ಹೋರಾಟ, ಸಾವು, ತಮ್ಮ. ಕೊನೆಯ ಮೂರು ಸಾಲು ಕಾಂಕ್ರೀಟಿನ ಕೆಳಗಿವೆ ಎಂದಾಗ ಅವರು ತುಂಬಾ ಹೊತ್ತು ಮಾತನಾಡಲಿಲ್ಲ. ಆಮೇಲೆ, ‘ಆ ಸಾಲು ಇನ್ನೊಮ್ಮೆ ಓದಿ’ ಎಂದರು. ಓದಿದೆ. ‘ಇನ್ನೊಮ್ಮೆ.’

ಮೂರು ವಾರ ಬಿಟ್ಟು ಮತ್ತೆ ಬಂದರು. ನೇರವಾಗಿ ಕಪಾಟಿನ ಬಳಿ ಹೋಗಿ ಬೇಲೂರು ಸಂಪುಟದಲ್ಲಿ ನಮ್ಮ ಊರಿನ ಪುಟಗಳನ್ನು ತೆಗೆಸಿ, ಒಟ್ಟು ಎಷ್ಟು ಕಲ್ಲುಗಳಿವೆ ಎಂದು ಎಣಿಸಿದರು. ಬಳಿಕ ದಾರದಲ್ಲಿ ತೂಗುತ್ತಿದ್ದ ತಿದ್ದುಪಡಿ ಪುಸ್ತಕವನ್ನು ಎಳೆದುಕೊಂಡು, ನಿಧಾನವಾಗಿ, ಅಕ್ಷರ ಅಕ್ಷರ ಕೂಡಿಸಿ ಹೀಗೆ ಬರೆದರು: ನಮ್ಮ ಗದ್ದೆಯ ಕಾಲುವೆಗೆ ಅಡ್ಡ ಹಾಕಿರುವ ಚಪ್ಪಡಿ ಸಾದಾ ಕಲ್ಲಲ್ಲ, ಮಗುಚಿ ಹಾಕಿದ್ದು, ಅಡಿಗೆ ಕೈ ಹಾಕಿದರೆ ಬರಹ ಸಿಗುತ್ತದೆ, ಚಿಕ್ಕಂದಿನಿಂದ ಗೊತ್ತು, ಈ ಪುಸ್ತಕದಲ್ಲಿ ಅದು ಇಲ್ಲ.

ಕೆಳಗೆ ಸಹಿ ಹಾಕಿದರು. ಪುರಾತತ್ವ ಇಲಾಖೆಗೆ ಪತ್ರ ಬರೆದಿದ್ದೇನೆ. ಭತ್ತ ಇನ್ನೂ ಹಾಲುಗಾಳಿನಲ್ಲಿದೆ, ಈಗ ಕಾಲುವೆ ನಿಲ್ಲಿಸಲು ಆಗದು. ಕೊಯ್ಲು ಮುಗಿದು ಗದ್ದೆ ಒಣಗಿದ ಮೇಲೆ, ಆ ಚಪ್ಪಡಿಯ ಜಾಗಕ್ಕೆ ಹಾಕಲು ಬೇರೆ ಕಲ್ಲನ್ನು ಅವರೇ ತರುತ್ತೇನೆ ಎಂದಿದ್ದಾರೆ.